ದಶಕಗಳ ಹಿಂದೆ ಬಿಟ್ಟುಬಂದ ಚಿತ್ರಗಳು ಮರಳಿ ಕೈಸೇರಿವೆ: ತಿದ್ದಬೇಕೋ, ಸುಡಬೇಕೋ, ಹಾಗೆಯೇ ಇಡಬೇಕೋ?

ಹಳೆಗೆರೆ

ಎಲ್ಲರಿಗೂ ನಮಸ್ಕಾರ. ನಾನು ಎಪ್ಪತ್ತು ದಾಟಿದ ಚಿತ್ರಕಲಾವಿದ. ಇಪ್ಪತ್ತರ ಆಸುಪಾಸಿನಲ್ಲಿ ಬರೆದ ಚಿತ್ರಗಳನ್ನೆಲ್ಲ, ಬೇರೆ ಊರಿಗೆ ಹೊರಡುವಾಗ, ಮುಂದೆ ಬಂದು ಒಯ್ಯುತ್ತೇನೆಂದು ಹೇಳಿ ಸ್ನೇಹಿತರೊಬ್ಬರ ಮನೆಯಲ್ಲಿ ಇರಿಸಿದ್ದೆ, ಮತ್ತೆ ಹೋಗಲಿಲ್ಲ. ಹೋಗದಿರುವುದಕ್ಕೆ ದೊಡ್ಡ ಕಾರಣವೇನೂ ಇರಲಿಲ್ಲ. ನನ್ನ ಶೈಲಿ ಬದಲಾಗಿತ್ತು, ಜನ ನನ್ನನ್ನು ಅಮೂರ್ತ ಚಿತ್ರಗಳಿಂದ ಗುರುತಿಸತೊಡಗಿದ್ದರು, ಹಳೆಯದು ನೆನಪಾದಾಗಲೆಲ್ಲ ಅದು ಕಲಿಕೆಯ ಕಾಲದ ಕಸವೆಂದು ನನಗೆ ನಾನೇ ಹೇಳಿಕೊಳ್ಳುತ್ತಿದ್ದೆ. ಈಗ ಆ ಸ್ನೇಹಿತರು ಇಲ್ಲ. ಮನೆ ಖಾಲಿ ಮಾಡುವಾಗ ಅವರ ಮಕ್ಕಳು ಇಡೀ ಕಟ್ಟನ್ನು ನನಗೆ ತಲುಪಿಸಿದ್ದಾರೆ. ಸುರುಳಿ ಸುತ್ತಿದ ಕೆಲವು ಕ್ಯಾನ್‌ವಾಸ್‌ಗಳು, ಮರದ ಚೌಕಟ್ಟಿಗೆ ಬಿಗಿದ ಒಂದಿಷ್ಟು ತೈಲಚಿತ್ರಗಳು, ಇದ್ದಿಲಿನ ರೇಖಾಚಿತ್ರಗಳ ಒಂದು ದಪ್ಪ ಕಡತ ಅದರಲ್ಲಿವೆ.

ಒಂದು ಚಿತ್ರದ ಬಗ್ಗೆ ಮಾತ್ರ ಹೇಳುತ್ತೇನೆ. ಕಿಟಕಿಯ ಬಳಿ ಪಕ್ಕಕ್ಕೆ ತಿರುಗಿ ಕುಳಿತ ಹೆಂಗಸಿನ ಚಿತ್ರ ಅದು. ಕೈಬೆರಳುಗಳನ್ನು ಬರೆಯಲು ನನಗೆ ಆಗ ಬರುತ್ತಿರಲಿಲ್ಲ. ಆದ್ದರಿಂದ ಎರಡೂ ಕೈಗಳನ್ನು ಮಡಿಲಿನ ಬಟ್ಟೆಯ ಮಡಿಕೆಗಳೊಳಗೆ ಅಡಗಿಸಿದ್ದೇನೆ, ಅಡಗಿಸಿದ್ದು ಯಾರಿಗಾದರೂ ತಿಳಿಯುವಂತಿದೆ. ಆದರೆ ಕುತ್ತಿಗೆಯ ಕೆಳಗಿನ ನೆರಳಿಗೆ, ಏನನ್ನೂ ಬೆರೆಸದ ಹಸಿರನ್ನು ಪ್ಯಾಲೆಟ್ ನೈಫಿನ (ಬಣ್ಣ ಮೆತ್ತುವ ಅಲಗಿನ) ಒಂದೇ ಎಳೆತದಲ್ಲಿ ಮೆತ್ತಿಬಿಟ್ಟಿದ್ದೇನೆ. ಆ ಎಳೆತದ ಅಂಚಿನಲ್ಲಿ ಎದ್ದು ನಿಂತ ಬಣ್ಣದ ಏರು ಇನ್ನೂ ಚೂಪಾಗಿದೆ. ಅಷ್ಟು ಧೈರ್ಯದ ಹಸಿರನ್ನು ಆಮೇಲೆ ನಾನು ಎಂದೂ ಹಚ್ಚಿದ್ದಿಲ್ಲ.

ನನ್ನ ಪ್ರಶ್ನೆ ಇದು. ಆ ಕೈಗಳನ್ನು ಸರಿಪಡಿಸುವುದು ಇಂದು ನನಗೆ ಅರ್ಧ ಗಂಟೆಯ ಕೆಲಸ. ಚಿತ್ರದ ಎಡ ಮೂಲೆಯಲ್ಲಿ ಬಣ್ಣ ಉದುರಿದೆ, ಅದನ್ನೂ ತುಂಬಬಹುದು. ಮನೆಯವರು ಎಲ್ಲವನ್ನೂ ಪ್ರದರ್ಶನಕ್ಕೆ ಇಡಬೇಕೆನ್ನುತ್ತಾರೆ. ನನಗಾದರೋ, ತಿದ್ದಿ ತೋರಿಸಬೇಕು, ಇಲ್ಲವೇ ಯಾರೂ ನೋಡದಂತೆ ನಾಶಮಾಡಬೇಕು ಎನ್ನಿಸುತ್ತಿದೆ. ಇಂಥ ಸ್ಥಿತಿಯನ್ನು ಹತ್ತಿರದಿಂದ ಕಂಡವರು ಏನನ್ನುತ್ತೀರಿ?

ಪದರಪರೀಕ್ಷಕಿ

ಹಳೆಗೆರೆಯವರೇ, ನಾನು ಚಿತ್ರಗಳ ಸಂರಕ್ಷಣೆಯ ಕೆಲಸ ಮಾಡುವವಳು. ತಿದ್ದುವ ಮತ್ತು ಸುಡುವ ಚರ್ಚೆಯನ್ನು ಉಳಿದವರಿಗೆ ಬಿಟ್ಟು, ಅದಕ್ಕೂ ಮೊದಲು ಆಗಬೇಕಾದದ್ದನ್ನು ಹೇಳುತ್ತೇನೆ. ಸುರುಳಿಯಾಗಿರುವ ಕ್ಯಾನ್‌ವಾಸ್‌ಗಳನ್ನು ದಯವಿಟ್ಟು ಕುತೂಹಲಕ್ಕಾಗಿ ಬಿಚ್ಚಬೇಡಿ. ಬಣ್ಣದ ಮುಖ ಹೊರಗೆ ಬರುವಂತೆ, ದಪ್ಪನೆಯ ಕೊಳವೆಯ ಮೇಲೆ ಸುತ್ತುವುದೇ ಸರಿಯಾದ ಕ್ರಮ. ಆದರೆ ಬಣ್ಣವನ್ನು ಕಾಪಾಡುತ್ತೇವೆಂದು ಎಣಿಸಿ ಬಹಳ ಮಂದಿ ಅದನ್ನು ಒಳಮುಖವಾಗಿ, ಬಿಗಿಯಾಗಿ ಸುತ್ತಿರುತ್ತಾರೆ. ಹಾಗೆ ಸುತ್ತಿದಾಗ ಬಣ್ಣದ ಪದರ ಇಕ್ಕಟ್ಟಿಗೆ ಸಿಕ್ಕಿ ಸುಕ್ಕುಗಟ್ಟುತ್ತದೆ, ಅಲ್ಲಲ್ಲಿ ತಳದಿಂದ ಬಿಡಿಸಿಕೊಳ್ಳುತ್ತದೆ. ಹತ್ತಾರು ವರ್ಷ ಒಣಗಿ ಗಡುಸಾದ ಆ ಪದರವನ್ನು ಒಮ್ಮೆಗೇ ಚಪ್ಪಟೆ ಮಾಡಲು ಹೋದರೆ ಉಳಿದದ್ದೂ ಉದುರುತ್ತದೆ. ಹದವಾದ ತೇವಾಂಶದ ಕೋಣೆಯಲ್ಲಿ ಕೆಲವು ದಿನ ಇಟ್ಟು, ಸ್ವಲ್ಪ ಸ್ವಲ್ಪವಾಗಿ ಬಿಚ್ಚಬೇಕು. ದೊಡ್ಡ ಚಿತ್ರವಾದರೆ ತರಬೇತಾದವರ ಕೈಯಿಂದಲೇ ಬಿಚ್ಚಿಸುವುದು ಒಳ್ಳೆಯದು.

ಇದ್ದಿಲಿನ ಚಿತ್ರಗಳನ್ನು ಪ್ಲಾಸ್ಟಿಕ್ ಹಾಳೆಗಳ ನಡುವೆ ಇಡಬೇಡಿ. ಪ್ಲಾಸ್ಟಿಕ್ಕಿನ ಸ್ಥಿರವಿದ್ಯುತ್ತು ಇದ್ದಿಲಿನ ಪುಡಿಯನ್ನು ಎಳೆದುಕೊಳ್ಳುತ್ತದೆ. ಆಮ್ಲರಹಿತ ತೆಳುಕಾಗದ ಅಥವಾ ಗ್ಲಾಸೀನ್ ಎಂಬ ನುಣುಪಾದ ಕಾಗದ ಸಾಕು. ಈಗ ಪುಡಿ ಉದುರದಂತೆ ಹಿಡಿದಿಡುವ ಫಿಕ್ಸೆಟಿವ್ ದ್ರವ ಸಿಂಪಡಿಸುವ ಆಸೆಯೂ ಬೇಡ, ಇಡೀ ಚಿತ್ರದ ಛಾಯೆ ಗಾಢವಾಗಿಬಿಡಬಹುದು.

ಇನ್ನೊಂದು ವಿಷಯ ನಿಮ್ಮ ತೀರ್ಮಾನಕ್ಕೇ ಸಂಬಂಧಿಸಿದ್ದು. ಅಗಸೆ ಎಣ್ಣೆಯಲ್ಲಿ ಕಲಸಿದ ಬಣ್ಣ ಕತ್ತಲೆಯಲ್ಲಿ ಉಳಿದರೆ ಹಳದಿಗೆ ತಿರುಗುತ್ತದೆ, ಬೆಳಕಿಗೆ ತಂದಾಗ ಆ ಹಳದಿ ಬಹುಮಟ್ಟಿಗೆ ಇಳಿಯುತ್ತದೆ. ಇದು ಹೊಸ ಸಂಶೋಧನೆಯಲ್ಲ. 17ನೇ ಶತಮಾನದಲ್ಲಿ ರೂಬೆನ್ಸ್, ಪೆಟ್ಟಿಗೆಯಲ್ಲಿ ಮುಚ್ಚಿಟ್ಟು ಹಳದಿಯಾದ ಚಿತ್ರಕ್ಕೆ ಬಿಸಿಲೇ ಔಷಧವೆಂದು ಪತ್ರವೊಂದರಲ್ಲಿ ಬರೆದಿದ್ದಾರೆ. ನಿಮ್ಮ ಚಿತ್ರವನ್ನು ಬಿಸಿಲಿಗೆ ಒಡ್ಡಿ ಎಂದು ನಾನು ಹೇಳುತ್ತಿಲ್ಲ. ಹಗಲ ಬೆಳಕು ನೇರವಾಗಿ ಬೀಳದ, ಆದರೆ ಬೆಳಕಾದ ಕೋಣೆಯಲ್ಲಿ ಕೆಲವು ವಾರ ಇಡಿ. ಅಟ್ಟದಿಂದ ಈಗಷ್ಟೇ ಇಳಿದ ಚಿತ್ರದ ಬಣ್ಣವನ್ನು ನೋಡಿ, ಆ ಕಾಲದಲ್ಲಿ ನನಗೆ ಬಣ್ಣವೇ ತಿಳಿದಿರಲಿಲ್ಲ ಎಂದು ತೀರ್ಪು ಕೊಡುವುದು ನಿಮಗೆ ನೀವೇ ಮಾಡಿಕೊಳ್ಳುವ ಅನ್ಯಾಯ.

ಎಡ ಮೂಲೆಯಲ್ಲಿ ಉದುರಿದ ಭಾಗದಲ್ಲಿ ಬಿಳಿ ಹೆಚ್ಚಾಗಿದೆಯೇ? ಜಿಂಕ್ ವೈಟ್ ಎಂಬ ಸತುವಿನ ಬಿಳಿ ಬಣ್ಣ ಬಳಸಿದ್ದರೆ ಅದು ವರ್ಷಗಳು ಕಳೆದಂತೆ ಎಣ್ಣೆಯೊಡನೆ ಸೇರಿ ಪದರವನ್ನು ಗಾಜಿನಂತೆ ಪೆಡಸಾಗಿಸುತ್ತದೆ. ಅದರ ಮೇಲೆ ಹೊಸ ಬಣ್ಣ ಹಚ್ಚಿದರೆ ಹಳೆಯದರ ಜೊತೆ ಹೊಸದೂ ಕಳಚುತ್ತದೆ. ಆದ್ದರಿಂದ ಮೂಲೆ ತುಂಬುವ ಕೆಲಸವನ್ನು ನೀವೇ ಮಾಡಬೇಡಿ.

ಹಿನ್ನೋಟ

ಕಲಾ ಇತಿಹಾಸ ಓದುವ ಹುಚ್ಚಿನವನು ನಾನು. ಹಳೆಗೆರೆಯವರು ಕೇಳಿದ ಪ್ರಶ್ನೆಯನ್ನು ಹಿಂದಿನವರು ಹಲವು ರೀತಿಯಲ್ಲಿ ಬಿಡಿಸಿಕೊಂಡಿದ್ದಾರೆ, ಆ ರೀತಿಗಳ ಫಲವೂ ಬೇರೆ ಬೇರೆ.

ಹಳೆಯ ಕ್ಯಾನ್‌ವಾಸನ್ನೇ ತಿದ್ದಿದವರಲ್ಲಿ ದೇಗಾ ಪ್ರಸಿದ್ಧರು. ಕುದುರೆಯಿಂದ ಬಿದ್ದ ಸವಾರನ ಅವರ ದೊಡ್ಡ ಚಿತ್ರ 1866ರಲ್ಲಿ ಪ್ಯಾರಿಸಿನ ಸಲೋನ್ ಪ್ರದರ್ಶನದಲ್ಲಿತ್ತು. ಅವರು ಅದನ್ನು 1880ರ ಸುಮಾರಿಗೆ ಮತ್ತೆ ಕೈಗೆತ್ತಿಕೊಂಡರು, 1897ರ ಹೊತ್ತಿಗೆ ಇನ್ನೊಮ್ಮೆ ಬದಲಿಸಿದರು. ಬೊನ್ನಾರ್ 1921–23ರಲ್ಲಿ ಆರಂಭಿಸಿ ಬಿಟ್ಟಿದ್ದ, ತೋಟದಲ್ಲಿ ಕುಳಿತ ಇಬ್ಬರು ಹೆಂಗಸರ ಚಿತ್ರವನ್ನು 1945–46ರಲ್ಲಿ, ತಮ್ಮ ಬದುಕಿನ ಕೊನೆಯ ದಿನಗಳಲ್ಲಿ, ಮತ್ತೆ ಬರೆದರು. ಆ ವೇಳೆಗೆ ಚಿತ್ರದಲ್ಲಿದ್ದ ಇಬ್ಬರೂ ತೀರಿಕೊಂಡಿದ್ದರು. ಈ ಚಿತ್ರದ ಮುಂದೆ ನಾನು ತಿದ್ದುವುದು ತಪ್ಪು ಎಂದು ಖಂಡಿತವಾಗಿ ಹೇಳಲಾರೆ. ಆದರೆ ಒಂದು ವ್ಯತ್ಯಾಸವನ್ನು ಗಮನಿಸಬೇಕು. ಬೊನ್ನಾರ್ ತಿರುಗಿ ಹಿಡಿದದ್ದು ಪೂರ್ಣವಾಗದ ಚಿತ್ರವನ್ನು. ನಿಮ್ಮ ಹೆಂಗಸಿನ ಚಿತ್ರ ಪೂರ್ಣವಾದದ್ದು. ಅದರ ಕೈಗಳು ಅಡಗಿರುವುದೇ ಅದು ಪೂರ್ಣಗೊಂಡ ರೀತಿ.

ಎರಡನೆಯ ದಾರಿ ಮುಂಕ್ ಅವರದು. ಸಾವಿನ ಅಂಚಿನಲ್ಲಿದ್ದ ಅಕ್ಕನ ನೆನಪಿನಲ್ಲಿ, ಇಪ್ಪತ್ತರ ಹರೆಯದಲ್ಲಿ, 1885–86ರಲ್ಲಿ ಅವರು ರೋಗಿ ಹುಡುಗಿಯ ಚಿತ್ರ ಬರೆದರು. ಮುಂದಿನ ನಲವತ್ತು ವರ್ಷಗಳಲ್ಲಿ ಅದೇ ದೃಶ್ಯವನ್ನು ಮತ್ತೆ ಮತ್ತೆ ಬೇರೆ ಬೇರೆ ಕ್ಯಾನ್‌ವಾಸ್‌ಗಳಲ್ಲಿ ಬರೆದರು, ಮೊದಲನೆಯದೂ ಸೇರಿ ಒಟ್ಟು ಆರು. ಹುಡುಗಿಯ ತಲೆ, ದಿಂಬು, ಪಕ್ಕದಲ್ಲಿ ಬಾಗಿದ ಹೆಂಗಸು ಎಲ್ಲವೂ ಇದ್ದಲ್ಲೇ ಇವೆ. ಬದಲಾಗಿರುವುದು ಬರೆಯುವ ಕೈ. ಮೊದಲ ಚಿತ್ರ ಉಳಿದಿರುವುದರಿಂದಲೇ ಉಳಿದ ಐದಕ್ಕೆ ಅರ್ಥವಿದೆ. ಫ್ರಾನ್ಸಿಸ್ ಬೇಕನ್ ಕೂಡ 1944ರ ತಮ್ಮ ಮೂರು ಫಲಕಗಳ ಚಿತ್ರಕ್ಕೆ 1988ರಲ್ಲಿ, ಎಪ್ಪತ್ತೆಂಟರ ವಯಸ್ಸಿನಲ್ಲಿ, ಇನ್ನೂ ದೊಡ್ಡ ಅಳತೆಯ ಎರಡನೆಯ ರೂಪ ಕೊಟ್ಟರು.

ಮೂರನೆಯ ದಾರಿಯನ್ನು ಹೇಳದಿರುವುದೇ ಲೇಸು, ಆದರೂ ಹೇಳುತ್ತೇನೆ. ಡಿ ಕಿರಿಕೊ ತಮ್ಮ ಯೌವನದ ಚಿತ್ರಗಳನ್ನು ಮುಪ್ಪಿನಲ್ಲಿ ಹಲವು ಬಾರಿ ನಕಲಿಸಿದರು, ಕೆಲವಕ್ಕೆ ಹಳೆಯ ದಿನಾಂಕವನ್ನೇ ಹಾಕಿದರು. ಯಾವುದು ಯಾವ ಕಾಲದ್ದೆಂದು ಬಿಡಿಸುವ ಕೆಲಸ ಇಂದಿಗೂ ಪರಿಣತರ ತಲೆ ತಿನ್ನುತ್ತಿದೆ.

ಬೂದಿಬಣ್ಣ

ಎಲ್ಲರೂ ಉಳಿಸಿ ಉಳಿಸಿ ಎನ್ನುವುದು ನನಗೆ ಸರಿಬರುತ್ತಿಲ್ಲ. ಕೃತಿಯನ್ನು ಮಾಡಿದವನಿಗೆ ಅದನ್ನು ಇಲ್ಲವಾಗಿಸುವ ಹಕ್ಕೂ ಇರಬೇಕು. ಮೈಕೆಲೇಂಜೆಲೊ ಸಾಯುವ ಮುನ್ನ ತಮ್ಮ ರೇಖಾಚಿತ್ರಗಳ ರಾಶಿಯನ್ನೇ ಬೆಂಕಿಗೆ ಹಾಕಿದ್ದರು. ಮೊನೆ 1908ರಲ್ಲಿ, ಪ್ರದರ್ಶನ ಹತ್ತಿರ ಬಂದಿದ್ದಾಗಲೇ, ಕಮಲದ ಕೊಳದ ಹಲವು ಚಿತ್ರಗಳನ್ನು ಹಾಳುಮಾಡಿದರು. ಪ್ರದರ್ಶನ ಮರುವರ್ಷಕ್ಕೆ ಹೋಯಿತು. ಜಾನ್ ಬಾಲ್ಡೆಸಾರಿ 1970ರಲ್ಲಿ, 1953ರಿಂದ 1966ರವರೆಗೆ ಬರೆದು ತಮ್ಮ ಬಳಿ ಉಳಿದಿದ್ದ ಚಿತ್ರಗಳನ್ನು ಶವ ಸುಡುವ ಕುಲುಮೆಗೇ ಒಯ್ದು ಸುಟ್ಟು, ಬೂದಿಯನ್ನು ಕರಂಡದಲ್ಲಿ ತುಂಬಿದರು. ಅವರ ಮುಂದಿನ ಕೆಲಸ ಬೆಳೆದದ್ದೇ ಆ ಬೂದಿಯಿಂದ. ಈಗತಾನೇ ಹಿನ್ನೋಟ ಅವರು ಹೊಗಳಿದ ಬೇಕನ್ 1944ಕ್ಕೆ ಮುಂಚಿನ ತಮ್ಮ ಕೆಲಸವನ್ನು ತಮ್ಮದೆಂದು ಒಪ್ಪಿಕೊಳ್ಳಲು ಹಿಂಜರಿಯುತ್ತಿದ್ದರು. ಅವರ ಸ್ಟುಡಿಯೋದಲ್ಲಿ ಚಾಕುವಿನಿಂದ ಸೀಳಿದ ನೂರರಷ್ಟು ಕ್ಯಾನ್‌ವಾಸ್‌ಗಳು ಸಿಕ್ಕವು.

ಹಳೆಗೆರೆಯವರು ಪ್ರದರ್ಶಿಸದೆ ಇಟ್ಟರೆ ನಾಳೆ ಬೇರೆ ಯಾರೋ ಪ್ರದರ್ಶಿಸುತ್ತಾರೆ. ಆಗ ಅವರ ಅಭಿಪ್ರಾಯ ಕೇಳಲು ಅವರೇ ಇರುವುದಿಲ್ಲ. ಹೀಗಾಗಿ ನಾಶದ ಯೋಚನೆಯನ್ನು ಭಾವುಕತೆಯೆಂದು ತಳ್ಳಿಹಾಕಬೇಡಿ.

ಹಿನ್ನೋಟ

ಬೂದಿಬಣ್ಣ ಅವರ ಮಾತಿನಲ್ಲಿ ಹಕ್ಕಿನ ಭಾಗವನ್ನು ಒಪ್ಪುತ್ತೇನೆ, ಉದಾಹರಣೆಗಳನ್ನು ಒಪ್ಪುವುದಿಲ್ಲ. ಬಾಲ್ಡೆಸಾರಿ ಆಗ ಇನ್ನೂ ನಲವತ್ತು ತಲುಪದವರು. ಮುಂದೆ ಮಾಡಬೇಕಾದದ್ದಕ್ಕೆ ಜಾಗ ತೆರವು ಮಾಡಿಕೊಳ್ಳುತ್ತಿದ್ದರು. ಮೊನೆ ನಾಶಮಾಡಿದ್ದು ಆಗಷ್ಟೇ ಬರೆದು ತೃಪ್ತಿಯಾಗದ ಚಿತ್ರಗಳನ್ನು. ಅರ್ಧ ಶತಮಾನದ ಹಿಂದೆ ಬಿಟ್ಟುಬಂದ ಕೆಲಸವನ್ನು ಎಪ್ಪತ್ತರಲ್ಲಿ ಸುಡುವುದು ಬೇರೆಯೇ ಸಂಗತಿ, ಏಕೆಂದರೆ ಅದನ್ನು ಮಾಡಿದ ಹುಡುಗನನ್ನು ಕೇಳುವ ಅವಕಾಶವಿಲ್ಲ.

ಕೃತಿಯೇ ಕಲಾವಿದನ ಕೈಯಲ್ಲಿ ಇಲ್ಲದಿದ್ದಾಗ ಏನಾಗುತ್ತದೆಂಬುದನ್ನೂ ನೆನಪಿಸಿಕೊಳ್ಳೋಣ. ಶಿಲ್ಪಿ ಅಮರನಾಥ ಸೆಹಗಲ್ ಅವರು ದೆಹಲಿಯ ವಿಜ್ಞಾನ ಭವನಕ್ಕೆಂದು ಮಾಡಿದ ದೊಡ್ಡ ಕಂಚಿನ ಭಿತ್ತಿಶಿಲ್ಪವನ್ನು 1979ರಲ್ಲಿ ಕಿತ್ತು ಉಗ್ರಾಣಕ್ಕೆ ಹಾಕಲಾಯಿತು. ಅವರು 1992ರಲ್ಲಿ ನ್ಯಾಯಾಲಯಕ್ಕೆ ಹೋದರು. 2005ರಲ್ಲಿ ದೆಹಲಿ ಹೈಕೋರ್ಟು ಉಳಿದ ಅವಶೇಷಗಳನ್ನು ಅವರಿಗೆ ಮರಳಿಸಬೇಕೆಂದೂ 5 ಲಕ್ಷ ರೂಪಾಯಿ ಪರಿಹಾರ ಕೊಡಬೇಕೆಂದೂ ತೀರ್ಪಿತ್ತಾಗ ಅವರಿಗೆ ಎಂಬತ್ತು ದಾಟಿತ್ತು. ತುಂಡಾದ ಕೃತಿಗಾಗಿ ಒಬ್ಬರು ಅಷ್ಟು ವರ್ಷ ಹೋರಾಡಿದ್ದು ಅದು ಅವರ ಅತ್ಯುತ್ತಮ ಕೆಲಸ ಎಂಬ ಕಾರಣಕ್ಕಷ್ಟೇ ಆಗಿರಲಾರದು ಎಂಬುದು ನನ್ನ ಊಹೆ.

ಜರ್ಮನ್ ಚಿತ್ರಕಾರ ಗೆರ್ಹಾರ್ಡ್ ರಿಕ್ಟರ್ ಅವರದು ಇದಕ್ಕೆ ತದ್ವಿರುದ್ಧ. 1961ರಲ್ಲಿ ಪೂರ್ವ ಜರ್ಮನಿ ಬಿಟ್ಟ ಮೇಲೆ, ಅವರ ಕೃತಿಗಳ ಅಧಿಕೃತ ಪಟ್ಟಿ 1962ರ ಒಂದು ಮೇಜಿನ ಚಿತ್ರದಿಂದ ಆರಂಭವಾಗುತ್ತದೆ. ಅದಕ್ಕೆ ಮುಂಚಿನದು ಲೆಕ್ಕಕ್ಕಿಲ್ಲ. ಆದರೆ 1956ರಲ್ಲಿ ಡ್ರೆಸ್ಡೆನ್ನಿನ ವಸ್ತುಸಂಗ್ರಹಾಲಯವೊಂದರ ಗೋಡೆಯ ಮೇಲೆ ಅವರು ಬರೆದು, 1979ರಲ್ಲಿ ಬಣ್ಣ ಬಳಿದು ಮುಚ್ಚಲಾಗಿದ್ದ ಚಿತ್ರದ ಒಂದಿಷ್ಟು ಭಾಗ 2024ರಲ್ಲಿ ಮತ್ತೆ ಹೊರಬಂದಿದೆ. ಪಟ್ಟಿಯಿಂದ ಹೊರಗಿಟ್ಟದ್ದೂ ಹೀಗೆ ಗೋಡೆಯಿಂದ ಮರಳಬಹುದು.

ಹಳೆಗೆರೆ

ಎಲ್ಲರಿಗೂ ಧನ್ಯವಾದ. ಸುರುಳಿಗಳನ್ನು ಬಿಚ್ಚಿಲ್ಲ. ಪದರಪರೀಕ್ಷಕಿಯವರು ಕೇಳಿದಂತೆ ನೋಡಿದೆ, ಉದುರಿದ ಮೂಲೆಯಲ್ಲಿ ಬಿಳಿಯೇ ಹೆಚ್ಚು. ಆ ಕಾಲದಲ್ಲಿ ಸಿಕ್ಕ ಅಗ್ಗದ ಟ್ಯೂಬನ್ನು ಹಿಂಡುತ್ತಿದ್ದೆ, ಅದು ಜಿಂಕ್ ವೈಟ್ ಆಗಿದ್ದಿರಬಹುದು.

ಬೂದಿಬಣ್ಣ ಅವರ ಮಾತು ನನಗೆ ಹಿಡಿಸಿತೆಂದು ಒಪ್ಪಿಕೊಳ್ಳುತ್ತೇನೆ. ಆದರೆ ರೇಖಾಚಿತ್ರಗಳ ಕಡತವನ್ನು ನಿಧಾನವಾಗಿ ನೋಡುತ್ತಾ ಹೋದಂತೆ ಅನಿರೀಕ್ಷಿತವಾದದ್ದೊಂದು ಕಂಡಿತು. ನನ್ನ ಅಮೂರ್ತ ಚಿತ್ರಗಳಲ್ಲಿ ಎಡಗಡೆಯಿಂದ ಬಾಗಿ ಬಂದು ನಡುವೆ ತಟಕ್ಕನೆ ನಿಲ್ಲುವ ಒಂದು ಗೆರೆ ಇದೆ. ವಿಮರ್ಶಕರು ಅದಕ್ಕೆ ಏನೇನೋ ಅರ್ಥ ಹಚ್ಚಿದ್ದಾರೆ, ನಾನೂ ಹೂಂ ಎಂದಿದ್ದೇನೆ. ಅದು ನಡುವಯಸ್ಸಿನಲ್ಲಿ ನನಗೆ ದಕ್ಕಿದ್ದೆಂದು ನಂಬಿದ್ದೆ. ಕಡತದಲ್ಲಿ ಮಲಗಿದ ನಾಯಿಯೊಂದರ ಬೆನ್ನಿನ ಗೆರೆ ಹಾಗೆಯೇ ಬಾಗಿ, ನಾಯಿ ಎದ್ದುಹೋದದ್ದರಿಂದ ಇರಬೇಕು, ಬಾಲದ ಹತ್ತಿರ ಹಾಗೆಯೇ ನಿಂತಿದೆ. ಹಾಳೆ ತಿರುವಿದರೆ ಅದೇ ಗೆರೆ ಮತ್ತೆ ಬರುತ್ತದೆ, ಈ ಸಲ ನಾಯಿ ಇಲ್ಲ, ಗೆರೆ ಮಾತ್ರ. ಸುಟ್ಟಿದ್ದರೆ ಇದು ಗೊತ್ತಾಗುತ್ತಿರಲಿಲ್ಲ.

ತಿದ್ದುವ ಆಸೆ ಮಾತ್ರ ಹೋಗಿಲ್ಲ. ಆ ಹೆಂಗಸಿನ ಸೀರೆಯ ನೀಲಿ ಈಗ ನನಗೆ ಕೊಳಕಾಗಿ ಕಾಣುತ್ತದೆ. ಅಷ್ಟನ್ನಾದರೂ ಬದಲಿಸಬಾರದೇ?

ಕಾಗದಹುಳು

ನೀಲಿಯ ಬಗ್ಗೆ ಆತುರ ಬೇಡ ಸರ್. ವಯಸ್ಸಾದಂತೆ ಕಣ್ಣಿನ ಮಸೂರ ಹಳದಿಗಟ್ಟುತ್ತದೆ, ನೀಲಿ ಮತ್ತು ನೇರಳೆ ಬೆಳಕು ಒಳಗೆ ಹೋಗುವುದು ಕಡಿಮೆಯಾಗುತ್ತದೆ. ಮಿದುಳು ಅದಕ್ಕೆ ಹೊಂದಿಕೊಳ್ಳುವುದರಿಂದ ನಮಗೆ ವ್ಯತ್ಯಾಸ ಅರಿವಿಗೆ ಬರುವುದಿಲ್ಲ. ಮೊನೆ ಅವರಿಗೆ ಕಣ್ಣಿನ ಪೊರೆ ಇರುವುದು 1912ರಲ್ಲಿ ಗೊತ್ತಾಯಿತು, ಶಸ್ತ್ರಚಿಕಿತ್ಸೆ ಆದದ್ದು 1923ರಲ್ಲಿ, ಎಂಬತ್ತೆರಡರ ವಯಸ್ಸಿನಲ್ಲಿ. ಪೊರೆ ತೆಗೆದ ಮೇಲೆ ಎಲ್ಲವೂ ವಿಪರೀತ ನೀಲಿಯಾಗಿ ಕಾಣುತ್ತಿದೆಯೆಂದು ಅವರು ದೂರುತ್ತಿದ್ದರು. ಛಾಯೆಯ ಕನ್ನಡಕಗಳನ್ನು ಬದಲಿಸಿ ನೋಡಬೇಕಾಯಿತು. ನಿಮ್ಮ ಚಿತ್ರದ ಮೇಲೆ ಎಣ್ಣೆಯ ಹಳದಿ ಇದೆ, ನಿಮ್ಮ ಕಣ್ಣಿನಲ್ಲೂ ಒಂದಿಷ್ಟು ಹಳದಿ ಇದ್ದೀತು. ಇಪ್ಪತ್ತರ ಕಣ್ಣು ಕಂಡ ನೀಲಿಯನ್ನು ಈ ಎರಡು ಹಳದಿಗಳ ಮೂಲಕ ನೋಡಿ ಕೊಳಕೆನ್ನುವುದು ಹೇಗೆ? ಮೊದಲು ಕಣ್ಣಿನ ವೈದ್ಯರನ್ನು ಕಾಣಿ. ಇದು ತಮಾಷೆಗೆ ಹೇಳಿದ್ದಲ್ಲ.

ಜಪಾನಿನ ಚಿತ್ರಕಾರ ಹೊಕುಸಾಯ್ ಅವರು 1834ರಲ್ಲಿ ಪ್ರಕಟವಾದ ಫುಜಿ ಪರ್ವತದ ಚಿತ್ರಸಂಪುಟದ ಕೊನೆಯಲ್ಲಿ, ಎಪ್ಪತ್ತಕ್ಕೆ ಮುಂಚೆ ತಾನು ಬರೆದದ್ದರಲ್ಲಿ ಗಮನಿಸತಕ್ಕದ್ದೇನೂ ಇಲ್ಲ ಎಂಬರ್ಥದ ಮಾತು ಬರೆದಿದ್ದಾರೆ. ಅಲೆಯ ಆ ಜಗತ್ಪ್ರಸಿದ್ಧ ಮುದ್ರಣ ಬಂದಾಗ ಅವರಿಗೆ ಎಪ್ಪತ್ತರ ಆಸುಪಾಸು, ಅದು ಸರಿಯೇ. ಆದರೂ ಅವರ ಹಿಂದಿನ ಹಾಳೆಗಳನ್ನು ನೋಡಿದವರು ಯಾರೂ ಆ ಮಾತನ್ನು ನಂಬುವುದಿಲ್ಲ. ತನ್ನ ಎಳೆಯ ಕೆಲಸಕ್ಕೆ ಕಲಾವಿದನೇ ಒಳ್ಳೆಯ ತೀರ್ಪುಗಾರ ಎಂಬ ನಂಬಿಕೆಯನ್ನು ನಾನು ಬಿಟ್ಟು ಬಹಳ ಕಾಲವಾಯಿತು.

ಅಪ್ಪನಕುಂಚ

ನನ್ನ ತಂದೆ ಚಿತ್ರಕಾರರಾಗಿದ್ದರು, ಆದ್ದರಿಂದ ಮಕ್ಕಳ ಕಡೆಯಿಂದ ಒಂದು ಮಾತು. ಅವರು ಹಳೆಯ ಚಿತ್ರಗಳ ಬಗ್ಗೆ ಏನೂ ಹೇಳದೆ ಹೋದರು. ಯಾವುದನ್ನು ಅಭ್ಯಾಸಕ್ಕೆ ಬರೆದರು, ಯಾವುದನ್ನು ಪ್ರೀತಿಯಿಂದ ಬರೆದರು, ಯಾರ ಮುಖ ಯಾವುದು, ಒಂದೂ ನಮಗೆ ತಿಳಿಯದು. ಗ್ಯಾಲರಿಯವರು ಕೇಳಿದಾಗ ಊಹೆ ಹೇಳುತ್ತೇವೆ, ಆ ಊಹೆ ಮುದ್ರಣವಾಗಿ ಸತ್ಯವಾಗುತ್ತದೆ. ಹಳೆಗೆರೆಯವರು ಪ್ರದರ್ಶಿಸಲಿ, ಬಿಡಲಿ, ಪ್ರತಿ ಚಿತ್ರದ ಬಗ್ಗೆ ಎರಡು ಸಾಲು ಹೇಳಿ ಧ್ವನಿಮುದ್ರಿಸಿಕೊಳ್ಳಲಿ. ತೋರಿಸಬಾರದೆಂದಿದ್ದರೆ ಅದನ್ನೂ ಬರೆದಿಡಲಿ. ಬೂದಿಬಣ್ಣ ಅವರ ಆತಂಕಕ್ಕೆ ಬೆಂಕಿಗಿಂತ ಬರಹ ಒಳ್ಳೆಯ ಉತ್ತರವೆಂದು ನನಗೆ ತೋರುತ್ತದೆ.

ಬೂದಿಬಣ್ಣ

ಬರೆದಿಟ್ಟದ್ದನ್ನು ಮುಂದಿನವರು ಪಾಲಿಸುತ್ತಾರೆಂಬ ಭರವಸೆ ನನಗಿಲ್ಲ. ಆದರೆ ನಾಯಿಯ ಬೆನ್ನಿನ ಗೆರೆಯ ಮುಂದೆ ವಾದ ಮಾಡಲಾರೆ. ಆ ಕಡತವನ್ನು ಸುಡುವುದು ಬೇಡ.

ಹಳೆಗೆರೆ

ಕಣ್ಣಿನ ಪರೀಕ್ಷೆ ಮಾಡಿಸಿದೆ, ಎರಡೂ ಕಣ್ಣುಗಳಲ್ಲಿ ಪೊರೆ ಬೆಳೆಯುತ್ತಿದೆಯಂತೆ. ಕಾಗದಹುಳು ಅವರಿಗೆ ನಾನು ಋಣಿ. ನೀಲಿಯನ್ನು ಮುಟ್ಟುವುದಿಲ್ಲ.

ಕೈಗಳ ವಿಚಾರದಲ್ಲಿ ಮುಂಕ್ ಅವರ ದಾರಿ ನನಗೆ ಒಗ್ಗುತ್ತದೆ. ಅದೇ ಅಳತೆಯ ಹೊಸ ಕ್ಯಾನ್‌ವಾಸ್ ಬಿಗಿದು, ಅದೇ ಹೆಂಗಸನ್ನು ನೆನಪಿನಿಂದ ಅಲ್ಲ, ಆ ಹಳೆಯ ಚಿತ್ರವನ್ನೇ ಎದುರಿಗೆ ಇಟ್ಟುಕೊಂಡು ಬರೆಯಲು ಹೊರಟಿದ್ದೇನೆ. ಕೈಗಳನ್ನು ಹೊರಗೆ ತಂದು ಒಂದು ಕರಡು ಮಾಡಿ ನೋಡಿದೆ. ಕೈಗಳು ಚೆನ್ನಾಗಿ ಬಂದವು, ಚಿತ್ರ ಸತ್ತಿತು. ನೋಡುವವರ ಕಣ್ಣೆಲ್ಲ ಬೆರಳುಗಳ ಮೇಲೆ ನಿಂತು ಕುತ್ತಿಗೆಯ ಹಸಿರಿಗೆ ಬೆಲೆಯೇ ಇಲ್ಲವಾಯಿತು. ಅಡಗಿಸಿದ್ದು ಅಸಾಮರ್ಥ್ಯದಿಂದಲೇ ಇರಬಹುದು, ಆದರೆ ಆ ಹುಡುಗ ಅದರಿಂದ ಹಸಿರಿಗೆ ಜಾಗ ಮಾಡಿಕೊಟ್ಟಿದ್ದ. ಈಗಿನ ಕರಡಿನಲ್ಲಿ ಕೈಗಳು ಮತ್ತೆ ಬಟ್ಟೆಯೊಳಗೆ ಹೋಗಿವೆ, ಈ ಸಲ ಬಲ್ಲವನೊಬ್ಬ ಅಡಗಿಸಿದಂತೆ. ಹಸಿರನ್ನು ಒಂದೇ ಎಳೆತದಲ್ಲಿ ಹಚ್ಚಲು ಇನ್ನೂ ಧೈರ್ಯ ಬಂದಿಲ್ಲ.

ಪದರಪರೀಕ್ಷಕಿಯವರಿಗೆ ಒಂದು ಪ್ರಶ್ನೆ. ಹಳೆಯ ಚಿತ್ರಗಳಲ್ಲಿ ಹಲವಕ್ಕೆ ಸಹಿಯೂ ಇಲ್ಲ, ದಿನಾಂಕವೂ ಇಲ್ಲ. ಈಗ ಹಾಕಬಹುದೇ?

ಪದರಪರೀಕ್ಷಕಿ

ಚಿತ್ರದ ಮುಂಭಾಗದಲ್ಲಿ ಬೇಡ. ಅರ್ಧ ಶತಮಾನದ ಹಳೆಯ ಪದರದ ಮೇಲೆ ಇಂದಿನ ಬಣ್ಣದ ಸಹಿ ಬಿದ್ದರೆ, ನಾಳೆ ಪರೀಕ್ಷಿಸುವವರಿಗೆ ಅದು ಅನುಮಾನಕ್ಕೆ ಕಾರಣವಾಗುತ್ತದೆ, ಸಹಿ ನಿಮ್ಮದೇ ಆಗಿದ್ದರೂ. ಕ್ಯಾನ್‌ವಾಸಿನ ಹಿಂಬದಿಗೆ ಶಾಯಿಯಿಂದಲೋ ಮಾರ್ಕರಿನಿಂದಲೋ ಬರೆಯಬೇಡಿ, ಅದು ಮುಂದಕ್ಕೆ ಇಳಿಯಬಹುದು. ಚೌಕಟ್ಟಿನ ಮರದ ಮೇಲೆ ಮೆತ್ತನೆಯ ಪೆನ್ಸಿಲಿನಿಂದ ಬರೆಯಿರಿ. ಸುರುಳಿಗಳಿಗೆ ಆಮ್ಲರಹಿತ ಕಾಗದದ ಚೀಟಿ ಕಟ್ಟಿ. ರೇಖಾಚಿತ್ರಗಳಿಗೆ ಹಾಳೆಯ ಹಿಂದೆ ಕೆಳಮೂಲೆಯಲ್ಲಿ, ಕೆಳಗೆ ಗಟ್ಟಿ ಹಲಗೆ ಇಟ್ಟು, ಒತ್ತದೆ ಬರೆಯಿರಿ. ಎರಡು ದಿನಾಂಕಗಳಿರಲಿ: ಚಿತ್ರ ಬರೆದದ್ದು ಯಾವಾಗ, ಈ ಟಿಪ್ಪಣಿ ಬರೆದದ್ದು ಯಾವಾಗ. ವರ್ಷ ಖಚಿತವಿಲ್ಲದಿದ್ದರೆ ಸುಮಾರು ಎಂದು ಸೇರಿಸಿ, ಊಹಿಸಿ ಖಚಿತ ಮಾಡಬೇಡಿ. ಹೊಸ ಚಿತ್ರಕ್ಕೆ ಹೊಸ ದಿನಾಂಕವನ್ನಷ್ಟೇ ಹಾಕಿ, ಅದು ಯಾವ ಹಳೆಯ ಚಿತ್ರವನ್ನು ನೋಡಿ ಬರೆದದ್ದೆಂದು ಅದರ ಚೌಕಟ್ಟಿನ ಮೇಲೂ ಬರೆಯಿರಿ.

ಇದಕ್ಕೆಲ್ಲ ಮೊದಲು ಪ್ರತಿ ಚಿತ್ರದ ಮುಂದು, ಹಿಂದು ಎರಡರ ಫೋಟೋ ತೆಗೆಸಿ. ಹೆಂಗಸಿನ ಚಿತ್ರಕ್ಕೆ ಮಾತ್ರ, ದೀಪವನ್ನು ಒಂದು ಪಕ್ಕದಲ್ಲಿ ಮೇಲ್ಮೈಗೆ ತೀರ ಓರೆಯಾಗಿ ಹಿಡಿದು ಇನ್ನೊಂದು ಫೋಟೋ ತೆಗೆಸಿ. ಪ್ಯಾಲೆಟ್ ನೈಫಿನ ಎಳೆತ ಎಲ್ಲಿ ಆರಂಭವಾಯಿತು, ಎಲ್ಲಿ ಕೈ ಎತ್ತಿದಿರಿ, ಎಷ್ಟು ಬಣ್ಣ ಹೊತ್ತಿತ್ತು ಎಂಬುದು ಅದರಲ್ಲಿ ತಿಳಿಯುತ್ತದೆ. ಹೊಸ ಹಸಿರು ಹಚ್ಚುವ ಮುಂಚೆ ಆ ಫೋಟೋ ನಿಮಗೂ ಉಪಯೋಗಕ್ಕೆ ಬಂದೀತು.